ಎರಡನೇ ಸ್ಪರ್ಶಕ

ಬಾವಿಯ ಕಟ್ಟೆಯಿಂದ ರಸ್ತೆಯ ಅಂಚಿಗೆ ಹತ್ತು ಮೀಟರ್ ಬಿಡಲೇಬೇಕು ಎಂದು ತಾಲೂಕಿನ ಇಂಜಿನಿಯರ್ ಮೊದಲೇ ಹೇಳಿದ್ದರು. ಅದು ಕುಡಿಯುವ ನೀರಿನ ಬಾವಿ. ನೀರು ಹರಿಯುವ ಸಣ್ಣ ತೋಡಿನ ಆಚೆಗಿರುವ ಕಾಲೊನಿಯ ಎಲ್ಲ ಮನೆಗಳಿಗೆ ಅಲ್ಲಿಂದಲೇ ಪಂಪಿನ ನೀರು. ನಾರಾವಿಯಿಂದ ಸ್ವಲ್ಪ ಒಳಗಿರುವ ಆ ಊರಿನಲ್ಲಿ ತೋಡು ದಾಟಲು ಮೋರಿ ಕಟ್ಟಿ ಎಷ್ಟೋ ಕಾಲವಾಗಿತ್ತು. ಮೋರಿಯಿಂದ ಡಾಮರು ರಸ್ತೆಯವರೆಗೆ ಮಾತ್ರ ಇನ್ನೂ ಕಾಲುದಾರಿಯೇ. ಕಾಯಿಲೆಯವರನ್ನು, ಹೆರಿಗೆಗೆ ಹೊರಟವರನ್ನು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರಿಸಿ ಹೊತ್ತು ತರುತ್ತಿದ್ದರು. ಆ ತುಂಡು ದಾರಿಗೆ ಕಾಂಕ್ರೀಟ್ ಹಾಕಲು ಕೊನೆಗೂ ಮಂಜೂರಾತಿ ಸಿಕ್ಕಿತ್ತು. ರಸ್ತೆ ಎಲ್ಲಿ ಹಾದುಹೋಗಬೇಕೆಂದು ಗೆರೆ ಹಾಕಿಕೊಡುವ ಕೆಲಸ ಮೂಡುಬಿದಿರೆಯ ನಮ್ಮ ಸರ್ವೆ ಆಫೀಸಿಗೆ ಬಂತು, ಆಫೀಸಿನಿಂದ ನನಗೆ.

ಹೇಳಲು ಸುಲಭದ ಕೆಲಸ. ಮೋರಿಯ ತುದಿಯಿಂದ ಹೊರಟು, ಬಾವಿಗೆ ಬಿಡಬೇಕಾದಷ್ಟು ಬಿಟ್ಟು, ನೇರವಾಗಿ ಹೋಗಿ, ಪಡುವಿನಿಂದ ತೆಂಕಿಗೆ ಬಳಸಿ ಬರುವ ಡಾಮರು ರಸ್ತೆಗೆ ಸೇರಬೇಕು. ನಡುವೆ ತಿರುವು ಕೊಟ್ಟರೆ ಇನ್ನೂ ಹೆಚ್ಚು ಜನರ ಜಾಗ ಬೇಕಾಗುತ್ತಿತ್ತು. ಬಾವಿಯ ಸುತ್ತ ಇದ್ದದ್ದು ಸರ್ಕಾರಿ ಜಾಗ. ಆದಷ್ಟು ಅದರೊಳಗೇ ರಸ್ತೆ ಹೋಗಬೇಕಾದರೆ ಬಾವಿಗೆ ಎಷ್ಟು ಹತ್ತಿರ ಹೋಗಲು ಅನುಮತಿ ಇದೆಯೋ ಅಷ್ಟು ಹತ್ತಿರ ಹೋಗಬೇಕು, ಅದಕ್ಕಿಂತ ಗೇಣು ಹೆಚ್ಚಲ್ಲ. ಬಾವಿಕಟ್ಟೆಯ ತ್ರಿಜ್ಯ ಮೂರು ಮೀಟರ್, ಬಿಡಬೇಕಾದ ಜಾಗ ಹತ್ತು, ರಸ್ತೆಯ ಅರ್ಧ ಅಗಲ ಎರಡು. ಅಂದರೆ ಬಾವಿಯ ನಡುವಿನಿಂದ ಹದಿನೈದು ಮೀಟರ್ ತ್ರಿಜ್ಯದ ಒಂದು ವೃತ್ತವಿದೆ ಎಂದುಕೊಂಡರೆ, ರಸ್ತೆಯ ನಡುಗೆರೆ ಆ ವೃತ್ತವನ್ನು ಕಡಿಯದೆ, ಒಂದೇ ಒಂದು ಕಡೆ ಮುಟ್ಟಿಕೊಂಡು ಹೋಗಬೇಕು. ಶಾಲೆಯಲ್ಲಿ ಸ್ಪರ್ಶಕ ಎಂದು ಕಲಿಸಿದ್ದು ಇದನ್ನೇ.

ಬಾವಿಯ ನಡುವಿನಲ್ಲಿ ಯಾರೂ ಅಳತೆಯ ಪ್ರಿಸಂ ಕೋಲು ಹಿಡಿದು ನಿಲ್ಲಲಾರರು. ಕಟ್ಟೆಯ ಮೇಲೆ ಮೂರು ಕಡೆ ಪ್ರಿಸಂ ಹಿಡಿಸಿ, ಟೋಟಲ್ ಸ್ಟೇಷನ್ ಎಂಬ ಸರ್ವೆ ಯಂತ್ರದಲ್ಲಿ ಅಳತೆ ತೆಗೆದು, ಆ ಮೂರು ಬಿಂದುಗಳ ಮೂಲಕ ಹೋಗುವ ವೃತ್ತದ ಕೇಂದ್ರವನ್ನು ಲೆಕ್ಕದಿಂದ ಕಂಡುಕೊಂಡೆ. ಅದೇ ನನ್ನ ಮೂಲಬಿಂದುವಾಯಿತು. ಸಣ್ಣ ಕೆಲಸಗಳಲ್ಲಿ ಅಕ್ಷಗಳನ್ನು ನಾವೇ ಆರಿಸಿಕೊಳ್ಳುತ್ತೇವೆ. ಸರ್ಕಾರಿ ಜಾಗದ ಮೂಡು ಗಡಿಯಲ್ಲಿ ಬಡಗಿನಿಂದ ತೆಂಕಿಗೆ ಗಡಿಕಲ್ಲುಗಳು ಸಾಲಾಗಿ ಕಾಣುತ್ತಿದ್ದುದರಿಂದ ವೈ ಅಕ್ಷವನ್ನು ಆ ಸಾಲಿಗೆ ಸಮಾಂತರವಾಗಿ ಹಿಡಿದೆ. ಹಳೆಯ ಕಾಲುದಾರಿಯೂ ಆ ಸಾಲಿನ ಬದಿಯಲ್ಲೇ ಇತ್ತು; ಮೋರಿ ಕಟ್ಟಿದವರು ಅದರ ನೇರಕ್ಕೇ ಕಟ್ಟಿದ್ದರು.

ಮೂಡು ಗಡಿಯ ಆಚೆ ನಿವೃತ್ತ ಮಾಸ್ಟ್ರ ಮನೆ. ಗಡಿಕಲ್ಲುಗಳಿಗೆ ತಾಗಿಸಿ ಅವರ ಕೆಂಪುಕಲ್ಲಿನ ಕಂಪೌಂಡು, ಗೋಡೆಯ ಒಳಮೈಗೆ ಸೊಸೆ ಬೆಳೆಸಿದ ಮಲ್ಲಿಗೆ ಗಿಡಗಳು. ಸೊಸೆ ಬೆಳಗ್ಗೆ ಮೊಗ್ಗು ಕೊಯ್ದು, ಕಟ್ಟಿ, ಬೆಳ್ತಂಗಡಿಯ ಬಸ್ಸಿಗೆ ಕೊಟ್ಟು ಕಳಿಸುತ್ತಿದ್ದಳು. ರಸ್ತೆಗಾಗಿ ಅರ್ಜಿ ಹಿಡಿದುಕೊಂಡು ಎಲ್ಲ ಕಡೆ ಓಡಾಡಿದವರೂ ಈ ಮಾಸ್ಟ್ರೇ. ಪಡು ಬದಿಯಲ್ಲಿ ಒಂದು ಬ್ಯಾರಿ ಮುಸ್ಲಿಮರ ಮನೆ. ಗಂಡ ಸೌದಿಯ ದಮಾಮಿನಲ್ಲಿ. ಇಲ್ಲಿ ಮನೆ ನಡೆಸುತ್ತಿದ್ದವರು ಹೆಂಡತಿ, ನನಗಿಂತ ನಾಲ್ಕಾರು ವರ್ಷ ದೊಡ್ಡವರು. ಜೊತೆಗೆ ಅವರ ಅತ್ತೆ ಮತ್ತು ಇಬ್ಬರು ಹೆಣ್ಣುಮಕ್ಕಳು. ಅತ್ತೆ ಬಿದ್ದು ಸೊಂಟ ಮುರಿದುಕೊಂಡ ಮೇಲೆ ಮನೆಯ ಹಿಂಬದಿಗೆ ಹೊಸತಾಗಿ ಒಂದು ಕೋಣೆ ಕಟ್ಟಿಸಿದ್ದರು. ಮೆಟ್ಟಿಲಿಲ್ಲ, ಹಿಡಿದುಕೊಂಡು ನಡೆಯಲು ಗೋಡೆಗೆ ಕಬ್ಬಿಣದ ಕೊಳವೆ, ಕೋಣೆಗೆ ತಾಗಿಯೇ ಬಚ್ಚಲು. ಮುದುಕಿ ಮತ್ತೆ ತನ್ನಷ್ಟಕ್ಕೆ ಎದ್ದು ಓಡಾಡುವಂತಾದದ್ದು ಆ ಕೋಣೆಗೆ ಹೋದ ಮೇಲೆ ಎಂದು ಮನೆಯಾಕೆ ಮೊದಲ ಸಲ ಹೋದಾಗ ನನಗೆ ಕೋಣೆ ತೋರಿಸಿ ಹೇಳಿದ್ದರು.

ಎರಡನೇ ಸಲ ಹೋದಾಗ ಇಂಜಿನಿಯರ್ ಕೂಡ ಬಂದಿದ್ದರು. ಮೋರಿಯ ತುದಿಯಲ್ಲಿ ನಿಂತು ನೋಡಿದರೆ ಪಡು ಬದಿ ತೆರೆದ ಜಾಗ, ಮೂಡು ಬದಿ ಮಾಸ್ಟ್ರ ಗೋಡೆ. ಗೋಡೆಗೂ ಬಾವಿಗೂ ನಡುವೆ ಪಂಪ್‌ಶೆಡ್ಡು, ಬಟ್ಟೆ ಒಗೆಯುವ ಕಲ್ಲು ಎಲ್ಲ ಇದ್ದುದರಿಂದ ಅಲ್ಲಿ ಜಾಗವೇ ಇಲ್ಲವೆಂದು ಕಣ್ಣಿಗೆ ತೋರುತ್ತಿತ್ತು. ಪಡುವಿಗೇ ಹೋಗುವ ಎಂದರು ಇಂಜಿನಿಯರ್. ಹೋದರೆ ಬ್ಯಾರಿ ಮನೆಯ ಆ ಹೊಸ ಕೋಣೆಯ ಮೇಲೆಯೇ ಹೋಗುತ್ತದೆ ಎಂಬುದು ಅಳೆಯದೆಯೂ ಗೊತ್ತಾಗುತ್ತಿತ್ತು.

ಮನೆಯಾಕೆ ತಲೆಯ ಮೇಲಿನ ಬಟ್ಟೆ ಸರಿಮಾಡಿಕೊಂಡು ನನ್ನ ಹತ್ತಿರ ಬಂದರು. ಮನೆಯಲ್ಲಿ ಬ್ಯಾರಿ ಭಾಷೆ, ಊರವರೊಡನೆ ತುಳು ಮಾತಾಡುತ್ತಿದ್ದವರು ಆಫೀಸಿನ ಕೆಲಸಕ್ಕೆ ಬಂದವಳೆಂದು ನನ್ನೊಡನೆ ಕನ್ನಡದಲ್ಲೇ ಮಾತಾಡುತ್ತಿದ್ದರು.

“ಆ ಗೋಡೆಯ ಬದಿಯಿಂದ ಆಗುದಿಲ್ವಾ ಮೇಡಂ? ಬೇಡ ಅಂತ ಹೇಳುದಲ್ಲ. ಕೇಳುದು ಮಾತ್ರ.”

ಮಾಸ್ಟ್ರು ಅಲ್ಲೇ ನಿಂತಿದ್ದರು. ಒಮ್ಮೆ ಲೆಕ್ಕ ಹಾಕಿ ನೋಡಿಬಿಡಿ, ಮತ್ತೆ ಮಾತು ಬರುವುದು ಬೇಡ ಎಂದು ಇಂಜಿನಿಯರ್ ನನಗೆ ಹೇಳಿದರು.

ಸ್ಕೂಟರಿನ ಸೀಟಿನ ಮೇಲೆ ಹಲಗೆ ಇಟ್ಟು ಲೆಕ್ಕ ಹಾಕಿದೆ. ಮೋರಿಯ ತುದಿ ಎಕ್ಸ್ ಅಕ್ಷದಲ್ಲಿ ಹದಿನೈದು ಮೀಟರ್ ನಾಲ್ಕು ಸೆಂಟಿಮೀಟರ್, ವೈ ಅಕ್ಷದಲ್ಲಿ ಇಪ್ಪತ್ತು ಮೀಟರ್ ಎರಡು ಸೆಂಟಿಮೀಟರ್. ಕೈಲೆಕ್ಕಕ್ಕೆ ಸೆಂಟಿಮೀಟರ್ ಯಾಕೆಂದು ಹದಿನೈದು, ಇಪ್ಪತ್ತು ಎಂದು ಹಿಡಿದೆ. ಅಲ್ಲಿಂದ ಹೊರಡುವ ಗೆರೆಯ ಇಳಿಜಾರು m ಎಂದಿಟ್ಟುಕೊಂಡೆ. ಬಾವಿಯ ನಡುವಿನಿಂದ ಆ ಗೆರೆಗೆ ಇರುವ ದೂರ ಸರಿಯಾಗಿ ಹದಿನೈದು ಇರಬೇಕು. ಆಗ ಮಾತ್ರ ಅದು ಸ್ಪರ್ಶಕ. ಹಾಗೆ ಬರೆದು ಎರಡೂ ಬದಿಯನ್ನು ವರ್ಗ ಮಾಡಿದಾಗ ಎಡಕ್ಕೆ 400 − 600m + 225m², ಬಲಕ್ಕೆ 225 + 225m². ಎರಡೂ ಬದಿಯಲ್ಲಿದ್ದ 225m² ಹೊಡೆದುಹಾಕಿದೆ. ಉಳಿದದ್ದು 600m = 175. m ಎಂದರೆ ಇಪ್ಪತ್ತನಾಲ್ಕರಲ್ಲಿ ಏಳು. ಪಡುವಿಗೆ ಸ್ವಲ್ಪ ತಗ್ಗುತ್ತಾ ಹೋಗುವ ಗೆರೆ. ಕೋಣೆಯ ಮೇಲೆ ಹೋಗುವ ಗೆರೆ.

ವೃತ್ತದ ಹೊರಗಿನ ಒಂದು ಬಿಂದುವಿನಿಂದ ಎರಡು ಸ್ಪರ್ಶಕಗಳನ್ನು ಎಳೆಯಬಹುದು ಎಂಬುದು ಹತ್ತನೇ ಕ್ಲಾಸಿನ ಪಾಠ. ನನಗೆ ಗೊತ್ತಿಲ್ಲದ್ದಲ್ಲ. ವರ್ಗಸಮೀಕರಣ ಬರಬೇಕಾದಲ್ಲಿ ಒಂದೇ ಉತ್ತರದ ಸಾದಾ ಸಮೀಕರಣ ಬಂತಲ್ಲ ಎಂಬ ಅನುಮಾನ ಪೆನ್ಸಿಲು ಎತ್ತುವಾಗಲೇ ಬಂದಿತ್ತು. ಬಿಸಿಲು ನೆತ್ತಿಯ ಮೇಲಿತ್ತು. ಮೂರು ಜನ ನನ್ನ ಹಲಗೆಯನ್ನೇ ನೋಡುತ್ತಾ ನಿಂತಿದ್ದರು. ಇಂಜಿನಿಯರ್ ಮೊದಲೇ ಹೇಳಿದ್ದ ದಾರಿಯೇ ಉತ್ತರವಾಗಿ ಬಂದಿತ್ತು. ಅನುಮಾನವನ್ನು ಅಲ್ಲಿಗೇ ಬಿಟ್ಟೆ.

“ಒಂದೇ ಗೆರೆ ಬರುದು ಅಕ್ಕ,” ಎಂದೆ. “ಆ ಬದಿಯಿಂದ ಆಗುದಿಲ್ಲ.”

ಆಕೆ ಹಲಗೆಯ ಮೇಲಿನ ಅಂಕೆಗಳನ್ನು ಒಂದು ಗಳಿಗೆ ನೋಡಿದರು. “ಲೆಕ್ಕದಲ್ಲಿ ಬಂದದ್ದಾದ್ರೆ ನಾವು ಎಂತ ಹೇಳುದು,” ಎಂದರು. ಆಮೇಲೆ ನಮಗೆಲ್ಲ ಲಿಂಬೆ ಶರಬತ್ತು ಮಾಡಿಸಿಕೊಟ್ಟರು. ಕಾಲೊನಿಯ ಹೆಂಗಸರು ಕುರ್ಚಿಯಲ್ಲಿ ಹೋಗುವುದನ್ನು ತಾನೂ ನೋಡಿದ್ದೇನೆ, ರಸ್ತೆ ಆಗಲಿ ಎಂದರು. ಸಂಜೆ ಗಂಡನಿಗೆ ಫೋನಿನಲ್ಲಿ ತಿಳಿಸಿ, ಮರುದಿನ ಒಪ್ಪಿಗೆಗೆ ಸಹಿ ಹಾಕಿಕೊಟ್ಟರು. ಮಾಸ್ಟ್ರು ಎಲ್ಲರ ಎದುರು ಅವರನ್ನು ಹೊಗಳಿದರು. ಕೋಣೆ ಬಿಚ್ಚುವಾಗ ನನ್ನ ಮಗ ಬಂದು ಕೈಹಾಕುತ್ತಾನೆ, ನೀವು ಆಳು ಹುಡುಕುವುದು ಬೇಡ ಎಂದರು.

ಆಫೀಸಿಗೆ ಬಂದು ನಕ್ಷೆ ಮಾಡಿದೆ. ಕಂಪ್ಯೂಟರಿನಲ್ಲಿ ವೃತ್ತವನ್ನು ಎಳೆದು ಸ್ಪರ್ಶಕ ತೋರಿಸು ಎಂದು ಕೇಳಿದ್ದರೆ ಅದೇ ಎರಡನ್ನೂ ತೋರಿಸುತ್ತಿತ್ತು. ನಾನು ಕೇಳಲಿಲ್ಲ. ಉತ್ತರ ಕೈಯಲ್ಲೇ ಇದೆಯಲ್ಲ ಎಂದು ಇಳಿಜಾರು ಕೊಟ್ಟು ಒಂದು ಗೆರೆ ಎಳೆದೆ. ನಕ್ಷೆ ಬೆಳ್ತಂಗಡಿಯ ತಾಲೂಕು ಆಫೀಸಿಗೆ ಹೋಯಿತು, ಇಂಜಿನಿಯರ್ ಸಹಿಯೂ ಬಿತ್ತು.

ಗೂಟ ಹೊಡೆಯುವ ಮೊದಲು ಪ್ರತಿ ಐದು ಮೀಟರಿಗೆ ಒಂದರಂತೆ ಬಿಂದುಗಳ ಪಟ್ಟಿ ತಯಾರಿಸಬೇಕು. ಅದಕ್ಕೆ ಸೆಂಟಿಮೀಟರ್ ಬಿಡುವಂತಿಲ್ಲ. ಯಂತ್ರದಲ್ಲಿದ್ದ ಅಳತೆಗಳನ್ನು ಹಾಗೆಯೇ ಎಕ್ಸೆಲ್ ಹಾಳೆಗೆ ಹಾಕಿದೆ. ಇಳಿಜಾರಿಗೆ ಎರಡು ಉತ್ತರ ಬಂತು. ಒಂದು ನನಗೆ ಗೊತ್ತಿದ್ದದ್ದೇ. ಇನ್ನೊಂದು ಐದುನೂರರ ಆಸುಪಾಸು.

ಟೈಪ್ ಮಾಡುವಾಗ ಎಲ್ಲೋ ದಶಮಾಂಶದ ಬಿಂದು ತಪ್ಪಿದೆ ಎಂದುಕೊಂಡೆ. ಎಲ್ಲವನ್ನೂ ಅಳಿಸಿ ಮತ್ತೆ ಹಾಕಿದೆ. ಮತ್ತೆ ಅದೇ ಐದುನೂರು. ಐದುನೂರು ಇಳಿಜಾರು ಎಂದರೇನು ಎಂದು ಆಗ ಯೋಚಿಸಿದೆ. ಒಂದು ಮೀಟರ್ ಅಡ್ಡ ಸರಿಯಬೇಕಾದರೆ ಐದುನೂರು ಮೀಟರ್ ಉದ್ದ ಹೋಗಬೇಕು. ಇಪ್ಪತ್ತು ಮೀಟರಿಗೆ ನಾಲ್ಕು ಸೆಂಟಿಮೀಟರ್. ಅದು ಹೆಚ್ಚುಕಡಿಮೆ ನೆಟ್ಟನೆಯ ಗೆರೆ, ವೈ ಅಕ್ಷಕ್ಕೆ ಸಮಾಂತರ. ನೆಟ್ಟನೆಯ ಗೆರೆಗೆ ಇಳಿಜಾರಿನ ಬೆಲೆಯೇ ಇಲ್ಲ. ನಾನು ನಾಲ್ಕು ಸೆಂಟಿಮೀಟರ್ ಬಿಟ್ಟುಬಿಟ್ಟಾಗ ಆ ಗೆರೆ ಪೂರ್ತಿ ನೆಟ್ಟಗಾಗಿ, m ಕೇಳಿದ ನನ್ನ ಸಮೀಕರಣದೊಳಗೆ ಸಿಗದೆ ಹೋಗಿತ್ತು. ಎರಡೂ ಬದಿಯಿಂದ ನಾನು ಹೊಡೆದುಹಾಕಿದ 225m² ಜೊತೆ ಅದೂ ಹೋಗಿತ್ತು.

ಆಗ ವೃತ್ತ ಎಳೆದು ನೋಡಿದೆ. ಎರಡನೇ ಗೆರೆ ಮೋರಿಯಿಂದ ತೆಂಕಿಗೆ ಹೋಗಿ, ವೃತ್ತವನ್ನು ಮುಟ್ಟಿ, ಮಾಸ್ಟ್ರ ಗೋಡೆಯ ಉದ್ದಕ್ಕೂ ಸಾಗಿ ಡಾಮರು ರಸ್ತೆಗೆ ಸೇರುತ್ತಿತ್ತು. ರಸ್ತೆಯ ಅರ್ಧ ಸರ್ಕಾರಿ ಜಾಗದಲ್ಲಿ, ಇನ್ನರ್ಧ ಮಾಸ್ಟ್ರ ಕಂಪೌಂಡಿನೊಳಗೆ. ಗೋಡೆ ಹೋಗುತ್ತದೆ, ಮಲ್ಲಿಗೆ ಸಾಲು ಹೋಗುತ್ತದೆ. ಯಾರ ಮನೆಯ ಛಾವಣಿಯೂ ಹೋಗುವುದಿಲ್ಲ. ಆ ಅಕ್ಕ ಕೇಳಿದ ಪ್ರಶ್ನೆಗೆ ಆಗುತ್ತದೆ ಎಂಬುದೇ ಸರಿಯಾದ ಉತ್ತರವಾಗಿತ್ತು.

ನಮ್ಮ ಆಫೀಸಿನ ಮಾಲೀಕರು ಬಂಟ್ವಾಳದವರು. ಕೆಲಸ ಕಲಿಸಿದ್ದು ಅವರೇ, ಕೆಟ್ಟವರಲ್ಲ. ನಾನು ತೋರಿಸಿದ್ದನ್ನು ಕೊನೆಯವರೆಗೆ ನೋಡಿದರು. ಆಮೇಲೆ ಕುರ್ಚಿಗೆ ಒರಗಿ, “ನೋಡು ಮಾರಾಯ್ತಿ, ನೀನು ಕೊಟ್ಟ ಗೆರೆ ತಪ್ಪಲ್ಲ. ಅದೂ ಮುಟ್ಟುತ್ತದೆ, ಇದೂ ಮುಟ್ಟುತ್ತದೆ. ಒಪ್ಪಿಗೆ ಬಂದು ಆಯ್ತು. ಈಗ ಇನ್ನೊಂದು ಉಂಟು ಅಂತ ಹೇಳಿದ್ರೆ ಆ ಊರಲ್ಲಿ ಎರಡು ಪಾರ್ಟಿ ಆಗ್ತದೆ, ಮಳೆ ಬರ್ತದೆ, ಹಣ ವಾಪಸು ಹೋಗ್ತದೆ,” ಎಂದರು. ನಿರ್ಧಾರ ನಿನ್ನದು ಎಂದು ಅವರು ಹೇಳಲಿಲ್ಲ. ಹೇಳಬೇಡ ಎಂದೂ ಹೇಳಲಿಲ್ಲ.

ಅವರ ಮಾತು ನನಗೆ ಹಿತವಾಯಿತು. ತಪ್ಪಲ್ಲ ಎಂಬ ಒಂದು ಶಬ್ದವನ್ನು ಹಿಡಿದುಕೊಂಡು ಮನೆಗೆ ಹೋದೆ. ಗೂಟ ಹೊಡೆಯುವುದಕ್ಕೆ ಇನ್ನೂ ಸಮಯವಿತ್ತು. ಮುಂದಿನ ಸಲ ಹೋದಾಗ ಇಂಜಿನಿಯರ್ ಎದುರಲ್ಲೇ ಹೇಳಿದರಾಯಿತು ಎಂದುಕೊಂಡೆ. ಮರುದಿನವೂ ಹಾಗೇ ಅಂದುಕೊಂಡೆ. ಆ ದಿನಗಳಲ್ಲಿ ಲಾಯಿಲದ ಬೇರೊಂದು ಸೈಟಿನಲ್ಲಿದ್ದೆ. ಕೆಲಸದ ನಡುವೆ ನೆನಪಾದಾಗಲೆಲ್ಲ ಮತ್ತೆ ಯಂತ್ರಕ್ಕೆ ಕಣ್ಣಿಡುತ್ತಿದ್ದೆ.

ಅಲ್ಲಿರುವಾಗಲೇ ಆ ಅಕ್ಕನ ಫೋನ್ ಬಂತು. ಕೋಣೆ ಯಾವಾಗ ಖಾಲಿ ಮಾಡಬೇಕು ಮೇಡಂ ಎಂದು ಕೇಳಿದರು. ಜೆಸಿಬಿ ಬಂದರೆ ಹೆಂಚು, ಅದರಡಿಯ ಪಕ್ಕಾಸಿನ ಮರ ಎಲ್ಲ ಪುಡಿಯಾಗುತ್ತದೆ, ಮೊದಲೇ ಬಿಚ್ಚಿಟ್ಟುಕೊಂಡರೆ ಇನ್ನೊಂದಕ್ಕೆ ಬರುತ್ತದೆ ಎಂದರು. ಹೇಳುವುದಿದ್ದರೆ ಆಗ ಹೇಳಬೇಕಿತ್ತು. ಅಕ್ಕ, ಕೋಣೆ ಮುಟ್ಟಬೇಡಿ, ನನ್ನ ಲೆಕ್ಕದಲ್ಲಿ ಒಂದು ಗೆರೆ ಬಿಟ್ಟುಹೋಗಿದೆ, ಅಷ್ಟೇ. ನಾನು ಹೇಳಿದ್ದು ಬೇರೆ.

“ಅವಸರ ಇಲ್ಲ ಅಕ್ಕ. ನಾನು ತಿಳಿಸ್ತೇನೆ.”

ಅದು ನನ್ನ ಸೌಜನ್ಯ ಎಂದು ಆಕೆ ತಿಳಿದುಕೊಂಡರು. ಥ್ಯಾಂಕ್ಸ್ ಹೇಳಿ ಫೋನಿಟ್ಟರು.

ಗೂಟ, ಸುತ್ತಿಗೆ, ಸುಣ್ಣದ ಪುಡಿ ಹಿಡಿದುಕೊಂಡು ಸಹಾಯಕನ ಜೊತೆ ಅಲ್ಲಿಗೆ ಹೋದಾಗ ಕೋಣೆಗೆ ಛಾವಣಿಯ ಮಾಡೇ ಇರಲಿಲ್ಲ. ಜೆಸಿಬಿಗೆ ಮೊದಲೇ ಆಗಲಿ ಎಂದು ನಾನು ತಿಳಿಸುವವರೆಗೂ ಕಾಯದೆ ಬಿಚ್ಚಿ, ಹೆಂಚುಗಳನ್ನು ಜಗಲಿಯ ಬದಿಗೆ ಅಚ್ಚುಕಟ್ಟಾಗಿ ಪೇರಿಸಿಟ್ಟಿದ್ದರು. ಪಕ್ಕಾಸುಗಳನ್ನು ಕಟ್ಟುಕಟ್ಟಿ ಗೋಡೆಗೆ ಒರಗಿಸಿದ್ದರು. ಬಿಚ್ಚಲು ಮರಗೆಲಸದ ಆಚಾರಿಯ ಜೊತೆ ಮಾಸ್ಟ್ರ ಮಗನೂ ಬಂದಿದ್ದನಂತೆ, ಮಾತಿಗೆ ತಪ್ಪಲಿಲ್ಲ ಎಂದರು ಆಕೆ. ಮುದುಕಿಯ ಮಂಚ ಈಗ ಚಾವಡಿಯಲ್ಲಿ. ಬಚ್ಚಲಿಗೆ ಹೋಗಲು ಎರಡು ಮೆಟ್ಟಿಲು ಇಳಿಯಬೇಕು. ನಾವು ಹೋದ ಹೊತ್ತಿಗೆ ಮೊಮ್ಮಗಳ ಹೆಗಲು ಹಿಡಿದು ಇಳಿಯುತ್ತಿದ್ದರು. ಮೊದಲ ಮೆಟ್ಟಿಲಿಗೆ ಕಾಲಿಟ್ಟು ಬಹಳ ಹೊತ್ತು ನಿಂತರು, ಎರಡನೆಯದಕ್ಕೆ ಕಾಲು ಚಾಚಲು ಧೈರ್ಯವಾಗದೆ.

ಯಂತ್ರ ನಿಲ್ಲಿಸಿದ ಸಹಾಯಕ ಮೊದಲ ಗೂಟ ಎಲ್ಲಿಗೆ ಎಂದು ಕೇಳಿದ. ಪಟ್ಟಿ ನನ್ನ ಕೈಯಲ್ಲೇ ಇತ್ತು. ಯಂತ್ರ ಇಳಿಸು ಎಂದೆ. ಅವನು ಟ್ರೈಪಾಡಿನ ಕಾಲು ಸರಿಯಿಲ್ಲವೇ ಎಂದು ಬಗ್ಗಿ ನೋಡಿದ. ಕಾಲು ಸರಿಯಿದೆ, ಇವತ್ತು ಗೂಟ ಹೊಡೆಯುವುದಿಲ್ಲ ಎಂದೆ.

ಮಾಲೀಕರನ್ನು ಕೇಳಲಿಲ್ಲ, ಇಂಜಿನಿಯರರಿಗೂ ಇನ್ನೂ ಫೋನ್ ಮಾಡಿರಲಿಲ್ಲ. ಆಕೆಗೇ ಮೊದಲು ಹೇಳಬೇಕು ಎನಿಸಿತು. ಹೆಂಚಿನ ರಾಶಿಯ ಹತ್ತಿರ ನಿಂತು ಹೇಳಿದೆ. ಇನ್ನೊಂದು ಗೆರೆ ಉಂಟು, ಗೋಡೆಯ ಬದಿಯಿಂದ ಆಗುತ್ತದೆ, ಆ ದಿನ ನಾನು ಹೇಳಿದ್ದು ತಪ್ಪು.

ಆಕೆಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ಕೋಣೆಯ ಕಡೆ ನೋಡಿದರು. ಬಯ್ಯುತ್ತಾರೆ ಎಂದುಕೊಂಡೆ. ಬಯ್ದಿದ್ದರೆ ಚೆನ್ನಾಗಿತ್ತು.

“ನಿಮಗೆ ಯಾವಾಗ ಗೊತ್ತಾದದ್ದು?” ಎಂದು ಕೇಳಿದರು.

ಇವತ್ತು ಎಂದು ಹೇಳಬಹುದಿತ್ತು. ನಿನ್ನೆ ಎಂದೂ ಹೇಳಬಹುದಿತ್ತು. ಯಾರೂ ಹೋಗಿ ನನ್ನ ಕಂಪ್ಯೂಟರು ತೆರೆದು ನೋಡುತ್ತಿರಲಿಲ್ಲ.

“ನೀವು ಫೋನ್ ಮಾಡುವ ಮೊದಲೇ,” ಎಂದೆ.

ಆಕೆ ಒಳಗೆ ಹೋದರು. ಆ ದಿನ ಶರಬತ್ತು ಬರಲಿಲ್ಲ.

ಇಂಜಿನಿಯರರಿಗೆ ಅಲ್ಲಿಂದಲೇ ಫೋನ್ ಮಾಡಿದೆ. ಮೊದಲು ಸಿಟ್ಟು ಮಾಡಿಕೊಂಡರು. ಆಮೇಲೆ, ಗೊತ್ತಿದ್ದೂ ಕಾಂಕ್ರೀಟ್ ಹಾಕಿದರೆ ನಾಳೆ ತನ್ನ ಕುತ್ತಿಗೆಗೇ ಬರುತ್ತದೆ ಎಂದು ಅವರಿಗೂ ಹೊಳೆಯಿತು. ವಾರದೊಳಗೆ ಬಾವಿಯ ಹತ್ತಿರದ ಅಂಗನವಾಡಿಯ ಜಗಲಿಯಲ್ಲಿ ಎಲ್ಲರನ್ನೂ ಕರೆದರು. ನಮ್ಮ ಮಾಲೀಕರು ತಾವೂ ಬರುತ್ತೇನೆ ಎಂದರು. ಕಾರು ಸೈಟಿನ ಹತ್ತಿರ ಬಂದಾಗ, ಸೂತ್ರ ಗೀತ್ರ ಹೇಳಬೇಡ, ಟೇಪಿನಲ್ಲಿ ತೋರಿಸು ಎಂದರು. ಅದು ಒಳ್ಳೆಯ ಸಲಹೆಯಾಗಿತ್ತು.

ಬಾವಿಕಟ್ಟೆಯ ಹೊರಮೈಗೆ ಟೇಪಿನ ಒಂದು ತುದಿ ಹಿಡಿಸಿ, ಹನ್ನೆರಡು ಮೀಟರಿನ ಗುರುತನ್ನು ಕೈಯಲ್ಲಿ ಹಿಡಿದು ಮಾಸ್ಟ್ರ ಗೋಡೆಯ ಕಡೆಗೆ ನಡೆದೆ. ಕಟ್ಟೆಯಿಂದ ಬಿಡಬೇಕಾದ ಹತ್ತು, ಅರ್ಧ ರಸ್ತೆಯ ಎರಡು, ಒಟ್ಟು ಹನ್ನೆರಡು. ಬಾವಿಗೆ ನೇರ ಎದುರಿಗೆ ಬಂದಾಗ ಗುರುತು ಗೋಡೆಯನ್ನು ಮುಟ್ಟಿತು. ಕಟ್ಟೆಯ ಸುತ್ತ ಸ್ವಲ್ಪ ಬಡಗಿಗೆ ಸರಿದರೆ ಮುಟ್ಟಲಿಲ್ಲ, ತೆಂಕಿಗೆ ಸರಿದರೂ ಮುಟ್ಟಲಿಲ್ಲ. ಒಂದೇ ಕಡೆ ಮುಟ್ಟುತ್ತದೆ, ಎಲ್ಲೂ ದಾಟುವುದಿಲ್ಲ, ಹಾಗಾಗಿ ಈ ಬದಿಯಿಂದಲೂ ರಸ್ತೆ ಹೋಗಬಹುದು ಎಂದೆ. ಆಮೇಲೆ ಪಡು ಬದಿಯಲ್ಲೂ ಹಾಗೆಯೇ ಅಳೆದು ತೋರಿಸಿದೆ. ಎರಡು ಗೆರೆಗಳಿವೆ. ಎರಡೇ ಇವೆ. ಯಾವುದು ಎಂದು ಆರಿಸುವುದು ನನ್ನ ಕೆಲಸವಲ್ಲ, ಎರಡಿವೆ ಎಂದು ಹೇಳುವುದು ನನ್ನ ಕೆಲಸವಾಗಿತ್ತು, ಅದನ್ನು ನಾನು ಮಾಡಲಿಲ್ಲ ಎಂದೆ.

ಕಾಲೊನಿಯವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅವರಿಗೆ ರಸ್ತೆ ಬೇಕಿತ್ತು, ಯಾವ ಬದಿಯಿಂದಾದರೂ. ಮಾಸ್ಟ್ರು ಗೋಡೆಯ ಕಡೆ ನೋಡಿದರು. ಆಮೇಲೆ ಮೆಲ್ಲಗೆ, ಒಂದೊಂದೇ ಶಬ್ದ ಆರಿಸಿದ ಹಾಗೆ ಮಾತಾಡಿದರು.

“ಮೊದಲು ಒಂದೇ ಅಂತ ಹೇಳಿದವರು ನೀವೇ. ಒಪ್ಪಿಗೆ ಆದ ಮೇಲೆ, ಕೋಣೆ ಬಿಚ್ಚಿ ಆದ ಮೇಲೆ ಇನ್ನೊಂದು ಬಂತು. ಯಾರು ಹೇಳಿ ಬಂದದ್ದು ಅದು?”

ಅವರು ಯಾರ ಕಡೆಗೂ ಕೈ ತೋರಿಸಲಿಲ್ಲ. ಆದರೆ ಜಗಲಿಯ ಕೊನೆಯಲ್ಲಿ ಮಕ್ಕಳ ಜೊತೆ ನಿಂತಿದ್ದ ಆ ಅಕ್ಕನ ಕಡೆಗೆ ನಾಲ್ಕಾರು ತಲೆಗಳು ತಿರುಗಿದವು. ಆಕೆ ತಲೆ ತಗ್ಗಿಸಲಿಲ್ಲ; ನನ್ನನ್ನು ನೋಡಿದರು.

ನಾನು ಇದನ್ನು ಎಣಿಸಿರಲೇ ಇಲ್ಲ. ತಪ್ಪು ತಿದ್ದಿದರೆ ಒಬ್ಬರಿಗೆ ನ್ಯಾಯ, ಇನ್ನೊಬ್ಬರಿಗೆ ನಷ್ಟ ಎಂದಷ್ಟೇ ಯೋಚಿಸಿದ್ದೆ. ನನ್ನ ಅಷ್ಟು ದಿನದ ಮೌನ ಆಕೆಯ ಮೇಲೆ ಸಂಶಯವಾಗಿ ಬೀಳುತ್ತದೆ ಎಂದು ಹೊಳೆದಿರಲಿಲ್ಲ. ಎದ್ದು ನಿಂತು ಹೇಳಿದೆ. ಯಾರೂ ಹೇಳಿದ್ದಲ್ಲ ಮಾಸ್ಟ್ರೇ, ಸೆಂಟಿಮೀಟರ್ ಬಿಟ್ಟು ಲೆಕ್ಕ ಹಾಕಿದವಳು ನಾನು. ಗೊತ್ತಾದ ಮೇಲೂ ಬಾಯಿ ಮುಚ್ಚಿಕೊಂಡಿದ್ದವಳೂ ನಾನೇ. ಆ ಮನೆಯವರು ಆ ದಿನ ನಿಮ್ಮೆದುರು ಕೇಳಿದ್ದು ಬಿಟ್ಟರೆ ಮತ್ತೆ ಒಂದು ಮಾತೂ ಕೇಳಿಲ್ಲ. ಲೆಕ್ಕದ ಹಾಳೆ ಕೊಟ್ಟೆ. ಅವರು ಕನ್ನಡಕ ಹಾಕಿಕೊಂಡು ಅದನ್ನು ಓದಿದರು, ಮಡಚಿ ವಾಪಸು ಕೊಟ್ಟರು.

“ಲೆಕ್ಕ ಸರಿ ಇರಬಹುದು,” ಎಂದರು.

ಮನೆಯ ಛಾವಣಿ ಹೋಗುವುದಕ್ಕಿಂತ ಗೋಡೆ ಹೋಗುವುದು ವಾಸಿ ಎಂದು ಇಂಜಿನಿಯರ್ ಮೂಡು ಬದಿಯನ್ನೇ ಗೊತ್ತುಮಾಡಿದರು. ಮಾಸ್ಟ್ರು ಅಡ್ಡಿ ಮಾಡಲಿಲ್ಲ. ರಸ್ತೆ ಬೇಕೆಂದು ಓಡಾಡಿದವರೇ ತಡೆದರು ಎಂಬ ಹೆಸರು ಅವರಿಗೆ ಬೇಕಿರಲಿಲ್ಲ. ಸಹಿ ಹಾಕಿಕೊಟ್ಟರು. ನಾನು ಗೂಟ ಹೊಡೆಯಲು ಹೋದ ದಿನ ಸೊಸೆ ಮಲ್ಲಿಗೆ ಗಿಡಗಳನ್ನು ಬುಡಸಮೇತ ಅಗೆದು ಗೋಣಿಯ ಮೇಲೆ ಸಾಲಾಗಿ ಇಡುತ್ತಿದ್ದಳು. ಮೊಗ್ಗು ಬಿಡುವ ಹೊತ್ತಿಗೆ ಅಗೆದರೆ ಅರ್ಧಕ್ಕರ್ಧ ಉಳಿಯುವುದಿಲ್ಲ ಎಂದಳು. ನನಗೆ ಹೇಳಿದ್ದೋ ತನಗೇ ಹೇಳಿಕೊಂಡದ್ದೋ ಗೊತ್ತಾಗಲಿಲ್ಲ. ಮಾಸ್ಟ್ರು ನಾವು ಹೊಡೆದ ಪ್ರತಿ ಗೂಟದ ಹಿಂದೆ ಬಂದು ನಿಂತರು. ಕೊನೆಯ ಗೂಟ ಆದ ಮೇಲೆ, ಇನ್ನು ಬೇರೆ ಉತ್ತರ ಬರಲಿಕ್ಕಿಲ್ಲವಲ್ಲ ಮೇಡಂ ಎಂದು ಕೇಳಿದರು. ವ್ಯಂಗ್ಯವಿರಲಿಲ್ಲ, ನಿಜವಾಗಿಯೂ ಕೇಳಿದ್ದು. ಬರುವುದಿಲ್ಲ ಎಂದೆ.

ಕೋಣೆಗೆ ಮಾಡು ಹಾಕುವುದು ಅಷ್ಟು ಬೇಗ ಆಗಲಿಲ್ಲ. ಬಿಚ್ಚಿದ ಆಚಾರಿ ಬಜ್ಪೆಯ ಕಡೆ ಬೇರೆ ಕೆಲಸಕ್ಕೆ ಹೋಗಿದ್ದ. ಬಂಟ್ವಾಳದಿಂದ ಒಬ್ಬರನ್ನು ನಮ್ಮ ಮಾಲೀಕರೇ ಕಳಿಸಿಕೊಟ್ಟರು. ಅವರು ಬರುವಷ್ಟರಲ್ಲಿ ಮೊದಲ ಮಳೆ ಹೊಡೆದು, ಮುದುಕಿಯ ಕೋಣೆಯ ನೆಲದ ಮೇಲೆ ನೀರು ನಿಂತು ಗೋಡೆಯ ಗಾರೆ ಉಬ್ಬಿತು. ಮೂಡು ಬದಿಯಲ್ಲಿ ಮಾತ್ರ ಕಾಂಕ್ರೀಟ್ ಕೆಲಸ ಮಳೆ ಬಲಿಯುವ ಮೊದಲೇ ಮುಗಿಯಿತು.

ಆ ಕೆಲಸದ ಮೇಲೆ ನಾನು ಯಾವ ಗೆರೆಯನ್ನೂ ಇಳಿಜಾರು ಕೇಳಿ ಹುಡುಕುವುದಿಲ್ಲ. ax + by + c = 0 ಎಂದು ಬರೆದುಕೊಂಡು ಕೇಂದ್ರದಿಂದ ದೂರ ಎಷ್ಟು ಎಂದೇ ಕೇಳುತ್ತೇನೆ. ಹಾಗೆ ಬರೆದರೆ ನೆಟ್ಟನೆಯ ಗೆರೆ, ಅಡ್ಡ ಗೆರೆ, ಓರೆ ಗೆರೆ ಎಲ್ಲವೂ ಒಂದೇ. ಯಾವುದೂ ತಪ್ಪಿಸಿಕೊಂಡು ಹೋಗುವುದಿಲ್ಲ. ಆಫೀಸಿಗೆ ಹೊಸದಾಗಿ ಸೇರಿದವರಿಗೂ ಹಾಗೆಯೇ ಹೇಳಿಕೊಡುತ್ತೇನೆ. ಯಾಕೆಂದು ಅವರು ಕೇಳಿದರೆ ಲೆಕ್ಕದ ಕಾರಣ ಮಾತ್ರ ಹೇಳುತ್ತೇನೆ.

ಮಳೆಗಾಲ ಕಳೆದ ಮೇಲೆ ಬಿಲ್ಲಿನ ಅಂತಿಮ ಅಳತೆಗೆ ಒಮ್ಮೆ ಹೋಗಬೇಕಾಯಿತು. ರಸ್ತೆ ಚೆನ್ನಾಗಿತ್ತು. ಕಾಲೊನಿಯೊಳಗಿನಿಂದ ಒಂದು ರಿಕ್ಷಾ ಬಂದು ನನ್ನ ಪಕ್ಕದಲ್ಲೇ ಹಾದುಹೋಯಿತು, ಒಳಗೆ ಸಮವಸ್ತ್ರದ ಮಕ್ಕಳು. ಗೋಡೆಯನ್ನು ಮಾಸ್ಟ್ರು ಎರಡು ಮೀಟರ್ ಒಳಗೆ ಮತ್ತೆ ಕಟ್ಟಿಸಿದ್ದರು, ಮೊದಲಿಗಿಂತ ಒಂದು ಸಾಲು ಕಲ್ಲು ಎತ್ತರವಾಗಿ. ಅವರ ಮನೆಯ ಅಂಗಳದಲ್ಲಿ ಚಪ್ಪರ ಬಿಚ್ಚುತ್ತಿದ್ದರು. ಅಳತೆ ಮುಗಿಸಿ ಯಂತ್ರ ಮಡಚುವಾಗ ಆ ಅಕ್ಕ ಪಡು ಬದಿಯಿಂದ ಕೊಡಪಾನ ಹಿಡಿದು ಬಾವಿಕಟ್ಟೆಯವರೆಗೆ ಬಂದು ನಿಂತರು. ಕೋಣೆಗೆ ಮಾಡು ಆಯಿತು, ಅತ್ತೆ ಮತ್ತೆ ಅಲ್ಲಿಗೇ ಹೋದರು ಎಂದರು. ನನಗೆ ಸ್ವಲ್ಪ ಹಗುರಾದಂತಾಯಿತು. ಮಾತು ಮುಂದುವರಿಸಬೇಕೆಂದು, ಮಾಸ್ಟ್ರ ಮನೆಯಲ್ಲಿ ಏನು ವಿಶೇಷ ಎಂದು ಕೇಳಿದೆ.

“ಮೊನ್ನೆ ಅವರ ಮಗಳ ನಿಶ್ಚಿತಾರ್ಥ. ಈ ರಸ್ತೆಯಲ್ಲೇ ಕಾರುಗಳೆಲ್ಲ ಬಂದದ್ದು,” ಎಂದರು. “ನಮಗೆ ಬರಲಿಕ್ಕೆ ಹೇಳಿಕೆ ಇರಲಿಲ್ಲ. ಇಷ್ಟು ವರ್ಷದಲ್ಲಿ ಅವರ ಮನೆಯ ಒಂದು ಕಾರ್ಯಕ್ರಮವೂ ನಮ್ಮನ್ನು ಬಿಟ್ಟು ಆದದ್ದಿಲ್ಲ.”

“ತಪ್ಪು ನಂದು ಅಂತ ಅವರಿಗೆ ಎಲ್ಲರ ಎದುರು ಹೇಳಿದ್ದೇನಲ್ಲ ಅಕ್ಕ. ಬೇಕಾದ್ರೆ ಈಗ ಪುನಃ ಹೋಗಿ ಹೇಳ್ತೇನೆ.”

“ಬೇಡ,” ಎಂದರು. ದನಿಯಲ್ಲಿ ಸಿಟ್ಟಿರಲಿಲ್ಲ. “ನೀವು ಹೇಳ್ತೀರಿ, ಹೋಗ್ತೀರಿ ಮೇಡಂ. ನಾವು ಇಲ್ಲೇ ಇರುವವರು.”

ಆಕೆ ಕೊಡಪಾನ ಎತ್ತಿಕೊಂಡು ಮನೆಯ ಕಡೆ ಹೋದರು. ನಾನು ಟ್ರೈಪಾಡಿನ ಕಾಲುಗಳನ್ನು ಮಡಚಿ, ಬೆಲ್ಟು ಬಿಗಿದು, ಹೊಸ ರಸ್ತೆಯ ಮೇಲೆ ನಡೆದುಕೊಂಡು ಡಾಮರಿಗೆ ಬಂದೆ.